‘ಹೆಟ್ಸ್’ ಯಾರ ಚಿತ್ರ? – ಸಂಪಾದಕರ ಉತ್ತರ

ಮಾನ್ಯರೇ,

ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಸ್ವೀಡನ್ನಿನ ಚಿತ್ರನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಕುರಿತ ಲೇಖನವು 1944ರ ‘ಹೆಟ್ಸ್’ ಅನ್ನು ‘ಬರ್ಗ್‌ಮನ್ ಅವರ ಮೊದಲ ಚಿತ್ರ’ ಎಂದು ಕರೆದಿರುವುದನ್ನು ಎತ್ತಿ ತೋರಿಸಿ, ಅದರ ನಿರ್ದೇಶಕ ಆಲ್ಫ್ ಶೋಬರ್ಗ್ ಅವರ ಹೆಸರು ಒಮ್ಮೆಯೂ ಬಂದಿಲ್ಲವೇಕೆ ಎಂದು ನೀವು ಕೇಳಿದ್ದೀರಿ. ಶೋಬರ್ಗ್ ರಂಗಭೂಮಿಯವರಾದ್ದರಿಂದ ಅವರ ಚಿತ್ರಗಳು ನಾಟಕದಂತಿರುತ್ತವೆ ಎಂಬ ಮಾತು ನಿಜವೇ ಎಂಬುದು ನಿಮ್ಮ ಎರಡನೆಯ ಪ್ರಶ್ನೆ. ಮೊದಲನೆಯದರಲ್ಲಿ ತಪ್ಪು ಸಂಪೂರ್ಣವಾಗಿ ನಮ್ಮದು. ಎರಡನೆಯದಕ್ಕೆ ಸ್ವಲ್ಪ ವಿವರವಾಗಿಯೇ ಉತ್ತರಿಸಬೇಕು.

‘ಹೆಟ್ಸ್’ನ ಚಿತ್ರಕಥೆ ಬರ್ಗ್‌ಮನ್ ಅವರದು; ಕೊನೆಯ ಕೆಲವು ಹೊರಾಂಗಣ ದೃಶ್ಯಗಳನ್ನು ಅವರೇ ಚಿತ್ರೀಕರಿಸಿದ್ದೂ ಹೌದು. ಆದರೆ ವಿದ್ಯಾರ್ಥಿಗಳನ್ನು ಕಾಡಿಸುವ ಲ್ಯಾಟಿನ್ ಮೇಷ್ಟರೊಬ್ಬರ ಕಥೆ ಯುದ್ಧಕಾಲದ ಯುರೋಪಿನ ಕಥೆಯೂ ಆದದ್ದು ಶೋಬರ್ಗ್ ಅವರ ಕೈಯಲ್ಲಿ. ಹುಡುಗರು ಕ್ರೂರ ರೋಮನ್ ಚಕ್ರವರ್ತಿಯ ಹೆಸರಿನಿಂದ ‘ಕ್ಯಾಲಿಗುಲ’ ಎಂದು ಅಡ್ಡಹೆಸರಿಟ್ಟಿರುವ ಆ ಮೇಷ್ಟರು ಓದುವುದು ನಾಜಿಪರ ಪತ್ರಿಕೆಯನ್ನು. ಬೆಳಗಿನ ಪ್ರಾರ್ಥನೆಗೆ ತಡವಾಗಿ ಬಂದ ಪುಟ್ಟ ಹುಡುಗನನ್ನು ಶಾಲೆಯ ಮೆಟ್ಟಿಲು, ಮೊಗಸಾಲೆಗಳಲ್ಲೆಲ್ಲ ಅಟ್ಟಿಸಿಕೊಂಡು ಹೋಗುವ ಆರಂಭದ ದೃಶ್ಯವೊಂದನ್ನೇ ನೋಡಿ: ಯಾರೂ ಏನನ್ನೂ ವಿವರಿಸುವುದಿಲ್ಲ, ಆದರೂ ಆ ಕಟ್ಟಡ ಎಂಥದ್ದೆಂದು ನಮಗೆ ತಿಳಿದುಬಿಡುತ್ತದೆ. 1946ರ ಕಾನ್ ಚಿತ್ರೋತ್ಸವದಲ್ಲಿ ಅತ್ಯುನ್ನತ ಪ್ರಶಸ್ತಿ ಹಂಚಿಕೊಂಡ ಹನ್ನೊಂದು ಚಿತ್ರಗಳಲ್ಲಿ ಇದೂ ಒಂದು.

1903ರಲ್ಲಿ ಸ್ಟಾಕ್‌ಹೋಮ್‌ನಲ್ಲಿ ಹುಟ್ಟಿದ ಶೋಬರ್ಗ್, ಆಕ್ಸೆಲ್ ಲಿಂಡ್‌ಬ್ಲೂಮ್ ಅವರ ಜೊತೆಗೂಡಿ ನಿರ್ದೇಶಿಸಿದ ಮೊದಲ ಚಿತ್ರ ‘ಡೆನ್ ಸ್ಟಾರ್ಕಸ್ಟೆ’ ತೆರೆಕಂಡದ್ದು 1929ರಲ್ಲಿ. ಅದು ಮೂಕಿ ಚಿತ್ರ. ಧ್ರುವಪ್ರದೇಶದ ಬೇಟೆಗಾರರ ಕಥೆ. ಅಷ್ಟರಲ್ಲಿ ಮಾತಿನ ಚಿತ್ರಗಳು ಬಂದವು, ಸ್ವೀಡನ್ನಿನ ಚಿತ್ರರಂಗ ಹಗುರ ಹಾಸ್ಯದತ್ತ ವಾಲಿತು. ಹನ್ನೊಂದು ವರ್ಷ ಅವರು ಇನ್ನೊಂದು ಚಿತ್ರ ಮಾಡಲಿಲ್ಲ. ಆ ಅವಧಿಯಲ್ಲಿ ಅವರನ್ನು ಪೊರೆದದ್ದು ರಾಜಧಾನಿಯ ರಾಷ್ಟ್ರೀಯ ರಂಗಮಂದಿರ ‘ಡ್ರಾಮಾಟೆನ್’. 1940ರಲ್ಲಿ ಚಿತ್ರರಂಗಕ್ಕೆ ಮರಳಿದ ಮೇಲೂ ಅವರು ಆ ಮನೆಯನ್ನು ಬಿಡಲಿಲ್ಲ. ಅವರ ಚಿತ್ರಗಳ ಸಂಖ್ಯೆ ಕಡಿಮೆಯಿರುವುದಕ್ಕೂ ಜಗತ್ತು ಅವರನ್ನು ಬೇಗ ಮರೆತದ್ದಕ್ಕೂ ಇದೇ ಮುಖ್ಯ ಕಾರಣವೆಂದು ನನ್ನ ಅಭಿಪ್ರಾಯ; ನಾಟಕ ಆ ರಾತ್ರಿಗೇ ಮುಗಿದುಹೋಗುತ್ತದೆ, ಪರದೇಶದವರ ಕಣ್ಣಿಗೆ ಬೀಳುವುದಿಲ್ಲ.

ಇನ್ನು ‘ನಾಟಕದಂತೆ’ ಎಂಬ ಆಕ್ಷೇಪ. ಸ್ವೀಡನ್ನಿನ ನಾಟಕಕಾರ ಆಗಸ್ಟ್ ಸ್ಟ್ರಿಂಡ್‌ಬರ್ಗ್ ಅವರ ‘ಮಿಸ್ ಜೂಲಿ’ ಒಂದೇ ಅಡುಗೆಮನೆಯಲ್ಲಿ, ಒಂದೇ ರಾತ್ರಿಯಲ್ಲಿ ನಡೆಯುವ ನಾಟಕ. ಅದನ್ನು 1951ರಲ್ಲಿ ಚಿತ್ರವಾಗಿಸಿದಾಗ ಶೋಬರ್ಗ್ ಬಾಗಿಲುಗಳನ್ನು ತೆರೆದು ಉದ್ಯಾನ, ಕೊಳ, ಕುಣಿತಗಳಿಗೆ ಕ್ಯಾಮೆರಾವನ್ನು ಒಯ್ದರು. ಅದಕ್ಕಿಂತ ದೊಡ್ಡ ಸಂಗತಿಯೆಂದರೆ ಅವರು ನೆನಪನ್ನು ತೋರಿಸಿದ ಬಗೆ. ಜೂಲಿ ಆಳು ಜೀನ್‌ಗೆ ತನ್ನ ಬಾಲ್ಯವನ್ನು ಹೇಳುತ್ತಿರುತ್ತಾಳೆ; ಚಿತ್ರಿಕೆ ಕತ್ತರಿಸುವುದಿಲ್ಲ, ಮಸುಕಾಗುವುದೂ ಇಲ್ಲ. ಮಾತನಾಡುತ್ತಿರುವ ಜೂಲಿಯ ಹಿಂದೆಯೇ, ಅದೇ ಚೌಕಟ್ಟಿನೊಳಗೆ, ಎಂದೋ ಸತ್ತ ಅವಳ ತಾಯಿ ಪುಟ್ಟ ಜೂಲಿಯೊಂದಿಗೆ ನಡೆದು ಬರುತ್ತಾಳೆ. ಪಾತ್ರಧಾರಿಯೊಬ್ಬ ಒಳಗೆ ಬಂದ ಕೂಡಲೇ ವೇದಿಕೆಯ ಕಾಲವೇ ಬದಲಾಗಬಲ್ಲದೆಂದು ಬಲ್ಲ ರಂಗಕರ್ಮಿಗೆ ಮಾತ್ರ ಹೊಳೆಯುವ ಉಪಾಯವಿದು. ಆದರೂ ಛಾಯಾಗ್ರಾಹಕ ಗೋರಾನ್ ಸ್ಟ್ರಿಂಡ್‌ಬರ್ಗ್ ಅವರ ಕ್ಯಾಮೆರಾ ಚಲಿಸದಿದ್ದರೆ ಅದು ಸಾಧ್ಯವಾಗುತ್ತಿರಲಿಲ್ಲ. ಹೀಗಾಗಿ ರಂಗಭೂಮಿ ಅವರ ಸಿನಿಮಾವನ್ನು ಕಟ್ಟಿಹಾಕಿತು ಎನ್ನುವವರ ಮಾತನ್ನು ನಾನು ಒಪ್ಪಲಾರೆ. ಜೂಲಿಯಾಗಿ ಆನಿಟಾ ಬ್ಯೋರ್ಕ್, ಜೀನ್ ಆಗಿ ಉಲ್ಫ್ ಪಾಲ್ಮೆ ನಟಿಸಿದ ಈ ಚಿತ್ರ ಅದೇ ವರ್ಷ ಕಾನ್‌ನ ಅತ್ಯುನ್ನತ ಪ್ರಶಸ್ತಿಯನ್ನು ವಿಟ್ಟೋರಿಯೋ ಡಿ ಸಿಕಾ ಅವರ ‘ಮಿರಾಕಲ್ ಇನ್ ಮಿಲಾನ್’ನೊಂದಿಗೆ ಹಂಚಿಕೊಂಡಿತು.

ಆಮೇಲೆ ‘ಬರಾಬ್ಬಾಸ್’, ‘ಕಾರಿನ್ ಮಾನ್ಸ್‌ಡಾಟರ್’ ಬಂದವು. 1956ರಲ್ಲಿ ಶೋಬರ್ಗ್ ಮತ್ತೊಮ್ಮೆ ಬರ್ಗ್‌ಮನ್ ಅವರ ಚಿತ್ರಕಥೆಯೊಂದನ್ನು ಕೈಗೆತ್ತಿಕೊಂಡು ‘ಸಿಸ್ಟಾ ಪಾರೆಟ್ ಉಟ್’ ಮಾಡಿದರು. ಅಷ್ಟು ಹೊತ್ತಿಗೆ ವಿದೇಶಗಳಲ್ಲಿ ಸ್ವೀಡನ್ನಿನ ಸಿನಿಮಾ ಎಂದರೆ ಬರ್ಗ್‌ಮನ್ ಎಂಬಂತಾಗುತ್ತಿತ್ತು. ಶೋಬರ್ಗ್ ಅವರ ಕೊನೆಯ ಚಿತ್ರ 1969ರ ‘ಫಾಡೆರ್ನ್’, ಮತ್ತೆ ಸ್ಟ್ರಿಂಡ್‌ಬರ್ಗ್ ನಾಟಕವೇ. 1980ರ ಏಪ್ರಿಲ್‌ನಲ್ಲಿ, ಎಪ್ಪತ್ತಾರರ ವಯಸ್ಸಿನಲ್ಲಿ, ನಾಟಕದ ತಾಲೀಮಿಗೆ ಹೊರಟಿದ್ದಾಗ ಕಾರು ಅಪಘಾತದಲ್ಲಿ ಅವರು ತೀರಿಕೊಂಡರು.

ಕಳೆದ ಸಂಚಿಕೆಯ ಆ ವಾಕ್ಯವನ್ನು ಓದುಗರು ದಯವಿಟ್ಟು ಹೀಗೆ ತಿದ್ದಿಕೊಳ್ಳಬೇಕು: “ಬರ್ಗ್‌ಮನ್ ಚಿತ್ರಕಥೆ ಬರೆದ, ಆಲ್ಫ್ ಶೋಬರ್ಗ್ ನಿರ್ದೇಶಿಸಿದ ‘ಹೆಟ್ಸ್’ 1944ರಲ್ಲಿ ತೆರೆಕಂಡಿತು, ಬರ್ಗ್‌ಮನ್ ಸ್ವತಃ ನಿರ್ದೇಶಿಸಿದ ಮೊದಲ ಚಿತ್ರ 1946ರ ‘ಕ್ರಿಸ್’.”

– ಸಂಪಾದಕ