ಅವ್ವ ಎದುರಿಗೇ ಇದ್ದರೂ ‘ಬದುಕಿದ್ದಾರೆ’ ಅನ್ನಲು ಮಷಿನ್ ಬೇಕೆ?

ಪ್ರಶ್ನೆ: ನಮ್ಮ ತಂದೆ ರೈಲ್ವೆಯಲ್ಲಿದ್ದರು. ಈಗ ಅವ್ವನಿಗೆ ಕುಟುಂಬ ಪಿಂಚಣಿ ಬರುತ್ತದೆ, ವಯಸ್ಸು 82. ಜೀವಿತ ಪ್ರಮಾಣಪತ್ರಕ್ಕೆ ಬ್ಯಾಂಕಿಗೆ ಕರೆದೊಯ್ದರೆ ಬೆರಳಚ್ಚು ಕೂಡುತ್ತಿಲ್ಲ. ಆಕೆ ಎದುರಿಗೇ ಕೂತಿದ್ದರೂ ‘ಮಷಿನ್ ತೊಗೊಳ್ಳವಲ್ದು, ಬದುಕ್ಯಾರಂತ ನಾವ್ ಹ್ಯಾಂಗ್ ಬರಕೊಳ್ಳೋದು’ ಅನ್ನುತ್ತಾರೆ. ಏನು ಮಾಡಬೇಕು?
– ಓದುಗರು, ವಾಡಿ, ಕಲಬುರಗಿ ಜಿಲ್ಲೆ

ಉತ್ತರ: ಮಷಿನ್ ಇಲ್ಲದೆಯೂ ಬರೆದುಕೊಳ್ಳಬಹುದು, ಕೌಂಟರಿನಲ್ಲಿ ಹೇಳುವವರು ಕಡಿಮೆ ಅಷ್ಟೆ. ಹತ್ತಿ ಬಿಡಿಸಿ, ರೊಟ್ಟಿ ಬಡಿದು ಸವೆದ ಬೆರಳಲ್ಲಿ ಗೆರೆಗಳೇ ಉಳಿದಿರುವುದಿಲ್ಲ. ಒಂದೇ ಹೆಬ್ಬೆರಳನ್ನು ಒತ್ತಿಸುತ್ತಾ ಕೂರಬೇಡಿ. ಕೈ ತೊಳೆದು ಒರೆಸಿ ಉಳಿದ ಬೆರಳುಗಳನ್ನೂ ಇಡಿಸಿ ನೋಡಿ.

ಆಗದಿದ್ದರೆ ಮುಖ ತೋರಿಸುವ ದಾರಿಯಿದೆ, 2021ರ ನವೆಂಬರಿನಿಂದ. ಕನಿಷ್ಠ 5 ಮೆಗಾಪಿಕ್ಸೆಲ್ ಕ್ಯಾಮೆರಾದ ಆಂಡ್ರಾಯ್ಡ್ ಫೋನಿಗೆ ‘ಆಧಾರ್ ಫೇಸ್ ಆರ್‌ಡಿ’ ಮತ್ತು ‘ಜೀವನ್ ಪ್ರಮಾಣ್’ ಎರಡೂ ಆ್ಯಪ್ ಹಾಕಿಕೊಳ್ಳಿ. ಹೆಚ್ಚಿನವರು ಎಡವುವುದು ಶುರುವಿನಲ್ಲೇ: ಆ್ಯಪ್ ಮೊದಲು ಕೇಳುವುದು ‘ಆಪರೇಟರ್’ ಮುಖ. ಅಲ್ಲಿ ನಿಮ್ಮ ಆಧಾರ್, ನಿಮ್ಮ ಮುಖ ಕೊಡಿ. ಅವ್ವನ ಸರದಿ ಆಮೇಲೆ. ಆಕೆಯ ಆಧಾರ್, ಪಿಪಿಒ (ಪಿಂಚಣಿ ಪಾವತಿ ಆದೇಶ) ಸಂಖ್ಯೆ, ಖಾತೆ ಸಂಖ್ಯೆ ತುಂಬುವಾಗ ಪಿಂಚಣಿ ವಿಧದಲ್ಲಿ ‘ಫ್ಯಾಮಿಲಿ’ ಆರಿಸಿ. ‘ಸರ್ವಿಸ್’ ಒತ್ತಿದರೆ ಅಥವಾ ಪಿಪಿಒದಲ್ಲಿ ಒಂದಂಕಿ ತಪ್ಪಿದರೆ, ಪ್ರಮಾಣಪತ್ರದ ಸಂಖ್ಯೆಯಾದ ‘ಪ್ರಮಾಣ್ ಐಡಿ’ ಮೊಬೈಲಿಗೆ ಬಂದರೂ ಬ್ಯಾಂಕಿನಲ್ಲಿ ತಿರಸ್ಕೃತವಾಗಬಹುದು. ಮತ್ತೆ ಹೊಸದಾಗಿ ಮಾಡಿಸಬೇಕು. ‘ಮರುಮದುವೆ ಆಗಿದೆಯೇ’ ಎಂಬ ಪ್ರಶ್ನೆಯೂ ಬರುತ್ತದೆ. ನಗು ಬಂದರೆ ನಕ್ಕುಬಿಡಿ, ಆದರೆ ‘ನೋ’ ಒತ್ತುವುದನ್ನು ಮರೆಯಬೇಡಿ. ಮುಖ ಹಿಡಿಯುವಾಗ ಬೆಳಕು ಎದುರಿನಿಂದ ಬೀಳಲಿ, ಸೆರಗು ಹಣೆ ಮುಚ್ಚದಿರಲಿ, ಆ್ಯಪ್ ಹೇಳಿದಾಗ ಅವ್ವ ಕಣ್ಣು ಮಿಟುಕಿಸಲಿ.

ಫೋನ್ ಗೊಡವೆ ಬೇಡವೆಂದರೆ ಪೋಸ್ಟ್‌ಮ್ಯಾನ್ ಮನೆಗೇ ಬಂದು ಮಾಡಿಕೊಡುತ್ತಾರೆ, ಶುಲ್ಕ 70 ರೂಪಾಯಿ.

ಇನ್ನು ಕಾಗದದ ದಾರಿ. ಗೆಜೆಟೆಡ್ ಅಧಿಕಾರಿ, ಪೋಸ್ಟ್‌ಮಾಸ್ಟರ್ ಅಥವಾ ಠಾಣೆಯ ಉಸ್ತುವಾರಿ ಪಿಎಸ್‌ಐ ಜೀವಿತ ಪ್ರಮಾಣಪತ್ರದ ನಮೂನೆಗೆ ಸಹಿ ಹಾಕಿದರೆ ಅವ್ವ ಬ್ಯಾಂಕಿಗೆ ಹೋಗಬೇಕಾಗಿಯೇ ಇಲ್ಲ. ಹಾಸಿಗೆ ಹಿಡಿದವರಿದ್ದರೆ ಬ್ಯಾಂಕಿನವರೇ ಮನೆಗೆ ಬರಬೇಕೆಂಬುದು ರಿಸರ್ವ್ ಬ್ಯಾಂಕಿನ ಸೂಚನೆ. ಮಾತಿನಲ್ಲಿ ವಾದಿಸಬೇಡಿ, ಮ್ಯಾನೇಜರ್‌ಗೆ ಅರ್ಜಿ ಬರೆದು ಕೊಡಿ. ಕಾಗದದ ಮುಂದೆ ನಿಯಮ ತಟ್ಟನೆ ನೆನಪಾಗುತ್ತದೆ.

ಪ್ರಮಾಣಪತ್ರವನ್ನು ಎಲ್ಲರೂ ಕೊಡುವುದು ಪ್ರತಿ ನವೆಂಬರಿನಲ್ಲಿ. 80 ದಾಟಿದವರು ಆ ನೂಕುನುಗ್ಗಲಿಗೆ ಕಾಯಬೇಕಿಲ್ಲ, ಅಕ್ಟೋಬರ್ 1ರಿಂದಲೇ ಕೊಡಬಹುದು. ತಡವಾಗಿ ಪಿಂಚಣಿ ನಿಂತರೂ ಪತ್ರ ಸೇರಿದ ಮೇಲೆ ಬಾಕಿ ಸಮೇತ ಬರುತ್ತದೆ. ಕಾಗದ ಕೊಟ್ಟಾಗ ಸಹಿಯಿರುವ ಸ್ವೀಕೃತಿ ಕೇಳಿ ಪಡೆಯಿರಿ. ‘ನೀವು ಕೊಟ್ಟೇ ಇಲ್ಲ’ ಎಂಬ ಮಾತಿಗೆ ಅದೊಂದೇ ಉತ್ತರ.