ಮಾತು ಮುಗಿಯುವಷ್ಟರಲ್ಲಿ ಆಟ ಮುಂದೆ ಹೋಗಿರುತ್ತದೆ: ಪ್ರತಿಕ್ರಿಯೆ

ಫುಟ್‌ಬಾಲ್ ಆಡುವುದನ್ನು ಬಿಟ್ಟು ಸಹ-ಕಾಮೆಂಟೇಟರ್ ಆದ ಮೇಲೆ ನಿಮ್ಮ ಮಾತು ಆಟದ ಹಿಂದೆ ಬೀಳುತ್ತಿದೆ ಎಂದಿದ್ದೀರಿ. ಅದಕ್ಕೆ ಕಾರಣ, ಬಹುಶಃ ನೀವೂ ಚೆಂಡಿನ ಹಿಂದೆಯೇ ಓಡುತ್ತಿರುವುದು. ಚೆಂಡು ಯಾರ ಕಾಲಲ್ಲಿದೆ ಎಂದು ಹೇಳುವುದು ಮುಖ್ಯ ಕಾಮೆಂಟೇಟರ್ ಕೆಲಸ. ಹೀಗೇಕಾಯಿತು ಎಂದು ವಿವರಿಸುವುದಷ್ಟೇ ನಿಮ್ಮದು.

ಮೊದಲು ಹಳೆಯ ಪಂದ್ಯವೊಂದನ್ನು ಮ್ಯೂಟ್ ಮಾಡಿ, 10 ನಿಮಿಷ ಮಾತಾಡಿ ಫೋನಿನಲ್ಲಿ ರೆಕಾರ್ಡ್ ಮಾಡಿಕೊಳ್ಳಿ. ಥ್ರೋ-ಇನ್, ಗೋಲ್ ಕಿಕ್, ರೀಪ್ಲೇ ಬಂದಾಗಷ್ಟೇ ಬಾಯಿ ತೆರೆಯಿರಿ, 8–10 ಸೆಕೆಂಡಿಗೆ ನಿಲ್ಲಿಸಿ. ಚೆಂಡು ಪೆನಾಲ್ಟಿ ಬಾಕ್ಸ್ ಹತ್ತಿರ ಬಂತೆಂದರೆ ವಾಕ್ಯವನ್ನು ಅರ್ಧಕ್ಕೇ ಬಿಟ್ಟುಬಿಡಿ. ರೀಪ್ಲೇಯಲ್ಲಿ ಗೋಲು ಹೊಡೆದವನನ್ನಲ್ಲ, ಎರಡು ಹೆಜ್ಜೆ ತಡವಾದ ಡಿಫೆಂಡರನ್ನು ತೋರಿಸಿ. ಆಡಿದವರ ಕಣ್ಣಿಗೆ ಅದು ಬೇಗ ಕಾಣುತ್ತದೆ, ನಿಮ್ಮನ್ನು ಕರೆದಿರುವುದೂ ಅದಕ್ಕೇ. 2011ರಲ್ಲಿ ಬ್ರಿಟನ್ನಿನ ಸ್ಕೈ ಸ್ಪೋರ್ಟ್ಸ್ ಟಿವಿಗೆ ಬಂದ ಮಾಜಿ ಡಿಫೆಂಡರ್ ಗ್ಯಾರಿ ನೆವಿಲ್ ಹೆಸರು ಮಾಡಿದ್ದು ಇಂಥ ವಿಶ್ಲೇಷಣೆಯಿಂದಲೇ.

ಇಷ್ಟಾದರೂ ಸರಿಹೋಗದಿದ್ದರೆ, ಹೆಡ್‌ಫೋನಿನ ಸದ್ದಿಗೂ ಮಾನಿಟರಿನ ಚಿತ್ರಕ್ಕೂ ಹೊಂದಿಕೆ ತಪ್ಪಿರಬಹುದು. ಪಂದ್ಯಕ್ಕೆ ಮುಂಚೆಯೇ ಸೌಂಡ್ ಎಂಜಿನಿಯರಿಗೆ ಹೇಳಿ ಪರೀಕ್ಷಿಸಿ.