ರೋಷ್ಟಿಗೆ ತಂಗಳು ಆಲೂಗಡ್ಡೆನೇ ಬೇಕು

ಹೋದ ತಿಂಗಳು ಸ್ವಿಟ್ಜರ್ಲೆಂಡ್ ಕಡೆ ಮಾಡೋ ಆಲೂಗಡ್ಡೆ ರೋಷ್ಟಿ, ಅಂದ್ರೆ ಆಲೂಗಡ್ಡೆ ತುರಿದು ಪ್ಯಾನಲ್ಲಿ ರೊಟ್ಟಿ ಥರ ಒತ್ತಿ ಗರಿಗರಿಯಾಗಿ ಹುರಿಯೋ ತಿಂಡಿ ಬಗ್ಗೆ ಇಲ್ಲಿ ಎರಡೇ ಎರಡು ಸಾಲು ಬರೆದಿದ್ದೆ, ಅದಕ್ಕೆ ಬಂದಿರೋ ಪ್ರಶ್ನೆ ನೋಡಿ ಖುಷಿ ಆಯ್ತು. ಈ ಸಲ ಬೇರೆ ಯಾವ ಅಡುಗೆನೂ ಇಲ್ಲ, ಪೂರ್ತಿ ಇದೇ.

ಪ್ರಶ್ನೆ: ಅಕ್ಕ ನಮಸ್ತೆ, ಮಂಡ್ಯದಿಂದ ಬರೀತಿದೀನಿ. ನನ್ನ ಮಗ ಮೂರು ವರ್ಷ ಸ್ವಿಟ್ಜರ್ಲೆಂಡಲ್ಲಿ ಕೆಲ್ಸ ಮಾಡಿ ವಾಪಸ್ ಬಂದಿದಾನೆ. ಅಲ್ಲಿ ಚಳಿಗಾಲ್ದಲ್ಲಿ ರೂಮಲ್ಲಿ ಒಬ್ನೇ ಇದ್ದಾಗ ಬಿಸಿ ರೋಷ್ಟಿ ತಿಂದ್ರೆ ಮನೆಗೆ ಬಂದಂಗೆ ಅನ್ಸೋದು ಅಂತಾನೆ. ಮಾಡ್ಕೊಡಣ ಅಂತ ಕುಕ್ಕರಲ್ಲಿ ಮೂರು ವಿಶಲ್ ಕೂಗ್ಸಿ, ಬಿಸಿ ಇದ್ದಾಗ್ಲೇ ಸಿಪ್ಪೆ ತೆಗ್ದು ತುರ್ದು ತವಾ ಮೇಲೆ ಹಾಕ್ದೆ, ಪಲ್ಯದ ಮುದ್ದೆ ಥರ ಅಂಟ್ಕೊಂಡು ಮಗುಚಕ್ಕೆ ಹೋದ್ರೆ ನಾಕು ಚೂರಾಯ್ತು. ಅವನು ಏನೂ ಅನ್ನದೆ ತಿಂದ, ಅದೇ ನಂಗೆ ಬೇಜಾರು. ಎಲ್ಲಿ ತಪ್ಪಿದೆ ಹೇಳಿ ಅಕ್ಕ.

ಉತ್ತರ: ತಪ್ಪಿರೋದು ಒಂದೇ ಕಡೆ ಕಣಮ್ಮ, ನೀವು ಬಿಸಿ ಆಲೂಗಡ್ಡೆ ತುರಿದ್ರಿ. ನೀವು ಚಿತ್ರಾನ್ನ ಮಾಡೋವಾಗ ಏನ್ಮಾಡ್ತೀರ ನೆನಪು ಮಾಡ್ಕೊಳ್ಳಿ, ಆಗ ತಾನೆ ಇಳಿಸಿದ ಬಿಸಿ ಅನ್ನಕ್ಕೆ ಒಗ್ಗರಣೆ ಕಲಿಸಿದ್ರೆ ಮುದ್ದೆ ಆಗತ್ತೆ, ಅದೇ ರಾತ್ರಿ ಮಿಕ್ಕಿದ ತಂಗಳನ್ನ ಆದ್ರೆ ಅಗಳು ಅಗಳು ಬಿಡಿಯಾಗಿ ಉದುರುದುರಾಗಿ ಬರತ್ತೆ ಅಲ್ವಾ. ಆಲೂಗಡ್ಡೆಲೂ ಅದೇ ಕತೆ. ಬೆಂದಾಗ ಅದರೊಳಗಿನ ಗಂಜಿ ಅಂಶ ನೀರು ಕುಡ್ದು ಉಬ್ಬಿ ಮೆತ್ತಗಾಗಿ ಅಂಟಂಟಾಗಿರತ್ತೆ, ತಣ್ಣಗಾಗಿ ಒಂದು ರಾತ್ರಿ ಕಳೆದ್ರೆ ಅದು ಮತ್ತೆ ಬಿಗಿಯಾಗತ್ತೆ, ಆಮೇಲೆ ತುರಿದ್ರೆ ಎಳೆ ಎಳೆಯಾಗಿ ಬರತ್ತೆ, ಬಿಸಿ ತುಪ್ಪಕ್ಕೆ ಬಿದ್ದಾಗ ಒಂದೊಂದು ಎಳೆನೂ ಗರಿಗರಿ ಆಗತ್ತೆ. ನಮ್ಮ ತಂಗಿ ಕೆಲವು ವರ್ಷ ಸ್ವಿಟ್ಜರ್ಲೆಂಡಿನ ಬರ್ನ್‌ ಊರಲ್ಲಿದ್ಲು, ನಾನು ಅವಳ ಮನೇಲಿ ಎರಡು ತಿಂಗಳು ಇದ್ದೆ, ಪಕ್ಕದ ಮನೆ ಅಜ್ಜಿ ಭಾನುವಾರ ರೋಷ್ಟಿ ಮಾಡೋರು. ಶನಿವಾರ ಸಾಯಂಕಾಲನೇ ಅವರ ಒಲೆ ಮೇಲೆ ಆಲೂಗಡ್ಡೆ ಬೇಯ್ತಿರೋದು.

ಹೆಂಗೆ ಮಾಡೋದು ಅಂತ ಹೇಳ್ತೀನಿ, ನಾಲ್ಕು ಜನಕ್ಕೆ. ಒಂದು ಕೇಜಿ ಆಲೂಗಡ್ಡೆ, ಆದಷ್ಟು ಒಂದೇ ಸೈಜಿಂದು ಆರಿಸ್ಕೊಳ್ಳಿ. ಕುಕ್ಕರ್ ಬೇಡ, ಸಿಪ್ಪೆ ಒಡೆದು ನೀರು ಒಳಗೆ ಹೋಗತ್ತೆ. ಪಾತ್ರೆಲಿ ತಣ್ಣೀರು ಹಾಕಿ ಸಿಪ್ಪೆ ಸಮೇತ ಇಡಿ, ಕುದಿ ಬಂದ ಮೇಲೆ ಸಾಧಾರಣ ಸೈಜಿಂದಾದ್ರೆ ಇಪ್ಪತ್ತು ನಿಮಿಷ, ಚಾಕು ಚುಚ್ಚಿದ್ರೆ ಒಳಗೆ ಹೋಗ್ಬೇಕು ಆದ್ರೆ ನಡುವಲ್ಲಿ ಸ್ವಲ್ಪ ತಡೀಬೇಕು, ಪಲ್ಯಕ್ಕೆ ಬೇಯಿಸೋಷ್ಟು ಬೇಯಿಸ್ಬೇಡಿ. ನೀರು ಬಸಿದು ಆರಿಸಿ ಫ್ರಿಜ್ಜಲ್ಲಿಡಿ, ನಮ್ಮ ಕಡೆ ಸೆಕೆಗೆ ರಾತ್ರಿಯೆಲ್ಲಾ ಹೊರಗಿಡೋದು ಬೇಡ. ಬೆಳಗ್ಗೆ ಸಿಪ್ಪೆ ಸುಲಿದು ತುರಿಮಣೆಯ ದೊಡ್ಡ ತೂತಿನ ಕಡೆ ಉದ್ದುದ್ದಕ್ಕೆ ತುರೀರಿ, ಹಿಂದೆ ಮುಂದೆ ಉಜ್ಜಬೇಡಿ, ಒಂದೇ ಕಡೆಗೆ ಎಳೀರಿ.

ದಪ್ಪ ತಳದ ಕಾವಲಿ ಅಥವಾ ಹತ್ತಿಂಚಿನ ಪ್ಯಾನಲ್ಲಿ ಎರಡು ದೊಡ್ಡ ಚಮಚ ತುಪ್ಪ ಕಾಯಿಸಿ ತುರಿ ಹಾಕಿ, ಒಂದು ಟೀ ಚಮಚ ಉಪ್ಪು ಉದುರಿಸಿ, ಐದು ನಿಮಿಷ ಹಗುರವಾಗಿ ಮೇಲೆ ಕೆಳಗೆ ಮಾಡಿ ಎಲ್ಲಾ ಎಳೆಗೂ ತುಪ್ಪ ಹತ್ತಲಿ. ಆಮೇಲೆ ಚಪ್ಪಟೆ ಸೌಟಲ್ಲಿ ಮೆತ್ತಗೆ ಒತ್ತಿ ರೊಟ್ಟಿ ಆಕಾರ ಮಾಡಿ, ಉರಿ ಸಣ್ಣದಕ್ಕಿಂತ ಚೂರು ಜಾಸ್ತಿ ಇಟ್ಟು ಹದಿನೈದು ನಿಮಿಷ ಕೈ ಹಾಕ್ಬೇಡಿ. ಇದು ತುಂಬಾ ಕಷ್ಟದ ಹದಿನೈದು ನಿಮಿಷ, ದೋಸೆ ಹುಯ್ದು ಅಭ್ಯಾಸ ಇರೋ ನಮ್ಮ ಕೈ ಸುಮ್ನೆ ಇರಲ್ಲ, ಎತ್ತಿ ನೋಡೋಣ ಅನ್ಸತ್ತೆ, ನೋಡಬೇಡಿ, ಅಂಚು ಹೊಂಬಣ್ಣಕ್ಕೆ ತಿರುಗಿ ಘಮ ಬರೋವರೆಗೂ ಬಿಟ್ಬಿಡಿ. ಪ್ಯಾನ್ ಅಲ್ಲಾಡಿಸಿದ್ರೆ ಪೂರ್ತಿ ರೊಟ್ಟಿ ಒಟ್ಟಿಗೆ ಜಾರಿದ್ರೆ ಆಯ್ತು ಅಂತ. ಆಗ ಅಗಲವಾದ ತಟ್ಟೆ ಬೋರಲು ಮುಚ್ಚಿ, ಬಟ್ಟೆ ಹಿಡ್ಕೊಂಡು ಒಂದೇ ಸಲಕ್ಕೆ ತಿರುಗಿಸಿ, ಖಾಲಿ ಪ್ಯಾನಿಗೆ ಇನ್ನೊಂದು ಚಮಚ ತುಪ್ಪ ಹಾಕಿ ತಟ್ಟೆಯಿಂದ ಮತ್ತೆ ಒಳಗೆ ಜಾರಿಸಿ, ಇನ್ನೊಂದು ಹತ್ತು ನಿಮಿಷ. ಸೌಟಲ್ಲಿ ಮಗುಚಕ್ಕೆ ಹೋದ್ರೆ ಮತ್ತೆ ಚೂರಾಗತ್ತೆ. ನಿಮ್ಮ ಮಗನಿಗೆ ಮುಂದಿನ ಭಾನುವಾರ ಮಾಡ್ಕೊಡಿ, ಶನಿವಾರ ಮರೀಬೇಡಿ.

ಪ್ರಶ್ನೆ: ತುಪ್ಪ ಹಾಕಿದ್ರೆ ಅದು ನಮ್ಮ ಅಡುಗೆ ಆಗ್ಬಿಡಲ್ವಾ? ಅವರು ಬೆಣ್ಣೆ ತಾನೆ ಹಾಕೋದು? (ಕುವೆಂಪುನಗರ)

ಉತ್ತರ: ಬೆಣ್ಣೆನೂ ಹಾಕ್ತಾರೆ, ಆದ್ರೆ ಅಲ್ಲಿ ಅಂಗಡೀಲಿ ಬ್ರಾಟ್‌ಬುಟರ್ ಅಂತನೇ ಸಿಗತ್ತೆ, ಅಂದ್ರೆ ನೀರು ಮತ್ತೆ ಹಾಲಿನ ಗಸಿ ತೆಗೆದು ಹುರಿಯಕ್ಕೆ ಅಂತ ಮಾಡಿರೋ ಬೆಣ್ಣೆ. ನಮ್ಮ ತುಪ್ಪಕ್ಕೆ ತೀರಾ ಹತ್ತಿರದ ಸಂಬಂಧ ಅದು. ಹಸಿ ಬೆಣ್ಣೆಲಿರೋ ಗಸಿ ಅರ್ಧ ಗಂಟೆ ಉರಿಗೆ ಸೀದು ಕಪ್ಪಾಗತ್ತೆ. ತುಪ್ಪದಲ್ಲಿ ಶುರು ಮಾಡಿ, ಕೊನೆ ಎರಡು ನಿಮಿಷ ಇದ್ದಾಗ ಅಂಚಿಗೆ ನಿಂಬೆಹಣ್ಣಿನಷ್ಟು ಬೆಣ್ಣೆ ಬಿಡಿ, ಪರಿಮಳಕ್ಕೆ. ಕೆಂಪಗೆ ಕಾಯಿಸಿದ ಮನೆ ತುಪ್ಪ ಆದ್ರೆ ಅದರ ವಾಸನೆನೇ ಮುಂದಾಗತ್ತೆ, ತಿಳಿ ಬಣ್ಣದ್ದಿದ್ರೆ ಒಳ್ಳೇದು.

ಪ್ರಶ್ನೆ: ದೇವರಾಜ ಮಾರ್ಕೆಟ್‌ಗೆ ಹೋದ್ರೆ ಊಟಿ, ಹಾಸನ, ಆಗ್ರಾ ಅಂತೆಲ್ಲಾ ಹೇಳ್ತಾರೆ, ರೋಷ್ಟಿಗೆ ಯಾವುದು ತಗೋಬೇಕು ಮೇಡಂ?

ಉತ್ತರ: ಒಳ್ಳೆ ಪ್ರಶ್ನೆ ಕೇಳಿದೀರ, ಎಷ್ಟೋ ಜನ ವಿಧಾನ ಸರಿ ಮಾಡಿ ಆಲೂಗಡ್ಡೆಲಿ ಸೋಲ್ತಾರೆ. ಬೆಂದ್ರೂ ಆಕಾರ ಬಿಡದೆ ಗಟ್ಟಿಯಾಗಿ ನಿಲ್ಲೋ ಜಾತಿ ಬೇಕು, ಬೇಯ್ತಿದ್ದಂಗೆ ಬಿರಿದು ಹಿಟ್ಟಿಟ್ಟಾಗೋ ಜಾತಿ ಬೋಂಡಕ್ಕೆ ಚೆಂದ, ಇದಕ್ಕಲ್ಲ. ಹಾಸನದ ಕಡೆ ಬೆಳೆಯೋ ಕುಫ್ರಿ ಜ್ಯೋತಿ ನಂಗೆ ಚೆನ್ನಾಗಿ ಬಂದಿದೆ, ಊಟಿದೂ ಬಂದಿದೆ. ಊರಿನ ಹೆಸರು ನಂಬ್ಕೊಂಡು ಕೂರೋದಕ್ಕಿಂತ ಮನೇಲೇ ಪರೀಕ್ಷೆ ಮಾಡ್ಬೋದು, ಹನ್ನೊಂದು ಲೋಟ ನೀರಿಗೆ ಒಂದು ಲೋಟ ಉಪ್ಪು ಕರಗ್ಸಿ ಹಸಿ ಆಲೂಗಡ್ಡೆ ಬಿಡಿ, ತೇಲಿದ್ರೆ ಗಟ್ಟಿ ನಿಲ್ಲೋ ಜಾತಿ, ಮುಳುಗಿದ್ರೆ ಹಿಟ್ಟಾಗೋ ಜಾತಿ, ಯಾಕಂದ್ರೆ ಗಂಜಿ ಅಂಶ ಜಾಸ್ತಿ ಇದ್ದಷ್ಟೂ ತೂಕ. ಚಿಕ್ಕ ಲೋಟದಲ್ಲಿ ಅಳೀರಿ, ಉಪ್ಪು ಸುಮ್ನೆ ದಂಡ ಆಗೋದು ಬೇಡ.

ಇನ್ನೊಂದು. ಕೋಲ್ಡ್ ಸ್ಟೋರೇಜಲ್ಲಿ ತಿಂಗಳಾನುಗಟ್ಲೆ ಇದ್ದ ಆಲೂಗಡ್ಡೆ ತಿಂದ್ರೆ ಸಿಹಿ ಸಿಹಿ ಅನ್ಸತ್ತೆ ಗಮನಿಸಿದೀರಾ? ಚಳೀಲಿ ಅದರ ಗಂಜಿ ಸಕ್ಕರೆ ಆಗಕ್ಕೆ ಶುರು ಆಗತ್ತೆ, ಅಂಥದ್ದು ಒಳಗೆ ಬಿಸಿ ಏರೋದ್ರೊಳಗೆ ಹೊರಗೆ ಕಂದುಬಣ್ಣ ಬಂದು ಸೀಯತ್ತೆ. ಅದಕ್ಕೇ ಹಸಿ ಆಲೂಗಡ್ಡೆ ಫ್ರಿಜ್ಜಲ್ಲಿಡಬೇಡಿ ಅನ್ನೋದು. ಬೇಯಿಸಿದ್ದು ಇಡಬಹುದು, ಹಸೀದು ಬೇಡ.

ಪ್ರಶ್ನೆ: ನಾನು ನೋಡಿದ ಒಂದು ವಿಡಿಯೋದಲ್ಲಿ ಹಸಿ ಆಲೂಗಡ್ಡೆನೇ ತುರಿದು ಹಾಕಿದ್ರು, ನೀವು ಬೇಯಿಸಿ ಅಂತೀರ. ಯಾವುದು ಸರಿ?

ಉತ್ತರ: ಎರಡೂ ಸರಿ, ಅಲ್ಲೇ ಅವರಲ್ಲೇ ಈ ಜಗಳ ಇದೆ. ಬರ್ನ್ ಕಡೆಯೋರು ಬೇಯಿಸಿದ್ದು ಅಂತಾರೆ, ಇನ್ನು ಕೆಲವರು ಹಸೀದು ಅಂತಾರೆ. ಬರ್ನ್ ಸೀಮೆ ರೈತರ ಮನೇಲಿ ಇದು ಬೆಳಗಿನ ತಿಂಡಿ, ಬಾಣಲೆನ ಮಧ್ಯ ಇಟ್ಟು ಸುತ್ತ ಕೂತು ಹಾಲು ಕಾಫಿ ಜೊತೆ ತಿಂದು ಹೊಲಕ್ಕೆ ಹೋಗ್ತಿದ್ರು. ಹಿಂದಿನ ದಿನ ಬೇಯಿಸಿದ್ದು ಹೆಂಗೂ ಮನೇಲಿರೋದು. ನಮ್ಮಲ್ಲಿ ತಂಗಳು ಮುದ್ದೆ ಮಜ್ಜಿಗೆಗೆ ಕಿವುಚಿ ಕುಡ್ದು ಗದ್ದೆಗೆ ಹೋಗ್ತಿದ್ರಲ್ಲ, ಆ ಥರದ ಊಟ ಇದು, ಅದಕ್ಕೇ ನಂಗೆ ಇದರ ಮೇಲೆ ಅಷ್ಟು ಪ್ರೀತಿ. ಹಸೀದ್ರಲ್ಲಿ ಮಾಡೋದಾದ್ರೆ ತುರಿದ ತಕ್ಷಣ ಬಟ್ಟೇಲಿ ಕಟ್ಟಿ ನೀರು ಹಿಂಡಿ, ತುರಿದು ಬಿಟ್ರೆ ಕಪ್ಪಗಾಗತ್ತೆ, ತುರಿದ ಮೇಲೆ ತೊಳೀಬೇಡಿ, ಆ ಗಂಜಿನೇ ಅದನ್ನ ಹಿಡ್ಕೊಳ್ಳೋದು. ಮುಚ್ಚಳ ಮುಚ್ಚಿ ಸಣ್ಣ ಉರೀಲಿ ಒಳಗೆ ಬೇಯಿಸಿ, ಆಮೇಲೆ ಮುಚ್ಚಳ ತೆಗೆದು ಗರಿ ಮಾಡಿ. ನಂಗೆ ಬೇಯಿಸಿದ್ದೇ ಇಷ್ಟ, ಒಳಗೆ ಬೆಣ್ಣೆ ಥರ ಇರತ್ತೆ.

ಅಂದಹಾಗೆ ಆ ದೇಶದಲ್ಲಿ ಜರ್ಮನ್ ಮಾತಾಡೋ ಕಡೆಗೂ ಫ್ರೆಂಚ್ ಮಾತಾಡೋ ಕಡೆಗೂ ಇರೋ ವ್ಯತ್ಯಾಸಕ್ಕೆ ರೋಷ್ಟಿಗ್ರಾಬೆನ್, ಅಂದ್ರೆ ರೋಷ್ಟಿ ಕಂದಕ ಅಂತನೇ ಹೆಸರು, ವೋಟಿನ ರಿಸಲ್ಟ್ ಬಂದಾಗ್ಲೂ ಪೇಪರಲ್ಲಿ ಬರೀತಾರೆ. ನಾವು ಮುದ್ದೆ ಸೀಮೆ ರೊಟ್ಟಿ ಸೀಮೆ ಅಂತೀವಲ್ಲ ಹಂಗೆ.

ಪ್ರಶ್ನೆ: ನಾವು ಶುದ್ಧ ಸಸ್ಯಾಹಾರಿಗಳು. ಮೇಲೆ ಚೀಸ್ ಹಾಕೋದಾದ್ರೆ ಸ್ವಿಸ್ ಚೀಸೇ ಆಗ್ಬೇಕಾ, ಅದು ವೆಜ್ ಹೌದಾ? (ಶ್ರೀರಂಗಪಟ್ಟಣ)

ಉತ್ತರ: ನೀವು ಕೇಳಿದ್ದು ಒಳ್ಳೇದಾಯ್ತು. ಗ್ರುಯೇರ್ ಅನ್ನೋ ಅವರ ಹೆಸರುವಾಸಿ ಚೀಸಿಗೆ ಹಾಲು ಹೆಪ್ಪುಗಟ್ಟಕ್ಕೆ ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್ ಹಾಕ್ತಾರೆ, ಅದು ನಿಮಗೆ ಆಗಲ್ಲ. ಹಸಿರು ಚುಕ್ಕೆ ನೋಡ್ಕೊಂಡು ಇಲ್ಲಿಯ ಚೀಸ್ ತಗೊಳ್ಳಿ. ಹಂಗಂತ ಸ್ವಿಸ್ ನಂಟು ತಪ್ಪೋಯ್ತು ಅನ್ಕೋಬೇಡಿ, ಕ್ಯೂಬು ಸ್ಲೈಸು ಅಂತ ನಾವು ತಗೊಳ್ಳೋ ಪ್ರೋಸೆಸ್ಡ್ ಚೀಸ್ ಇದೆಯಲ್ಲ, ಅದನ್ನ ಮೊದಲು ಮಾಡಿದ್ದೇ ಸ್ವಿಟ್ಜರ್ಲೆಂಡಿನ ಥೂನ್ ಅನ್ನೋ ಊರಲ್ಲಿ, 1911ರಲ್ಲಿ, ವಾಲ್ಟರ್ ಗರ್ಬರ್ ಮತ್ತೆ ಫ್ರಿಟ್ಸ್ ಸ್ಟೆಟ್ಲರ್ ಅಂತ ಇಬ್ಬರು. ಎರಡನೇ ಕಡೆ ಬೇಯೋವಾಗ ಕೊನೆ ಮೂರು ನಿಮಿಷ ಮೇಲೆ ತುರಿದು ಹಾಕಿ ಮುಚ್ಚಿಡಿ, ಚೀಸಲ್ಲಿ ಉಪ್ಪಿರತ್ತೆ ಅದಕ್ಕೆ ರೊಟ್ಟಿಗೆ ಉಪ್ಪು ಕಮ್ಮಿ ಮಾಡಿ. ಬರ್ನ್‌ನಲ್ಲಿ ಹಂದಿ ಮಾಂಸದ ಚೂರೂ ಹಾಕೋದುಂಟು, ಬರೀ ಆಲೂಗಡ್ಡೆ ಉಪ್ಪು ತುಪ್ಪದ್ದೂ ಪೂರ್ತಿ ರೋಷ್ಟಿನೇ.

ಪ್ರಶ್ನೆ: ಈರುಳ್ಳಿ, ಹಸಿಮೆಣಸಿನಕಾಯಿ, ಕೊತ್ತಂಬರಿ ಸೊಪ್ಪು ಹಾಕಬಹುದಾ?

ಉತ್ತರ: ಈರುಳ್ಳಿ ಹಾಕೋರು ಅಲ್ಲೂ ಇದಾರೆ, ಮೊದಲೇ ಬೇರೆ ಹುರಿದು ಸೇರಿಸಿ, ಹಸೀದು ನೀರು ಬಿಡತ್ತೆ. ಮೆಣಸಿನಕಾಯಿ ಕೊತ್ತಂಬರಿ ಹಾಕಿದ್ರೆ ರುಚಿ ಚೆನ್ನಾಗಿರತ್ತೆ ಆದ್ರೆ ಆಲೂಗಡ್ಡೆದು ಗೊತ್ತಾಗಲ್ಲ, ಮೊದಲ ಸಲ ಬರೀದು ತಿಂದು ನೋಡಿ ಅಂತ ನನ್ನ ಕೋರಿಕೆ.

ಪ್ರಶ್ನೆ: ಆಂಟಿ, ಮಾನಸಗಂಗೋತ್ರಿ ಹತ್ರ ಪಿಜಿಲಿ ಇರೋದು, ಒಂದು ಇಂಡಕ್ಷನ್ ಒಂದು ಸಣ್ಣ ಪ್ಯಾನ್ ಅಷ್ಟೇ, ಫ್ರಿಜ್ ಇಲ್ಲ. ಆಗತ್ತಾ?

ಉತ್ತರ: ಆಗತ್ತೆ ಪುಟ್ಟ. ಎರಡು ಆಲೂಗಡ್ಡೆ ಬೆಳಗ್ಗೆ ಕ್ಲಾಸಿಗೆ ಹೋಗೋ ಮುಂಚೆ ಬೇಯಿಸಿ ನೀರು ಬಸಿದು ಆರಕ್ಕೆ ಬಿಡು, ಫ್ರಿಜ್ ಇಲ್ದೆ ಇದ್ರೆ ಸಾಯಂಕಾಲದವರೆಗೂ ಇಡಬೇಡ, ಮಧ್ಯಾಹ್ನ ಊಟಕ್ಕೆ ಬಂದಾಗ್ಲೇ ಮಾಡು, ಮೂರು ನಾಲ್ಕು ಗಂಟೆ ಆರಿದ್ರೂ ಪರವಾಗಿಲ್ಲ ತುರಿಯಕ್ಕೆ ಬರತ್ತೆ. ಇಂಡಕ್ಷನ್ನಲ್ಲಿ ನಡುವೆ ಜಾಸ್ತಿ ಕಾಯತ್ತೆ, ಅದಕ್ಕೆ ಪವರ್ ಕಮ್ಮಿ ಇಟ್ಟು ಆಗಾಗ ಪ್ಯಾನನ್ನ ಅತ್ತಿತ್ತ ಸರಿಸು. ತಿರುಗಿಸಕ್ಕೆ ಊಟದ ತಟ್ಟೆನೇ ಸಾಕು. ಮೇಲೊಂದು ಮೊಟ್ಟೆ ಒಡೆದು ಹುರಿದು ಹಾಕೊಂಡ್ರೆ ಹೊಟ್ಟೆ ತುಂಬತ್ತೆ, ಅಲ್ಲೂ ಹಂಗೇ ತಿಂತಾರೆ, ಮೊಟ್ಟೆ ತಿನ್ನಲ್ಲ ಅಂದ್ರೆ ಗಟ್ಟಿ ಮೊಸರು.